ಗೇಣಿ ಹೋಯಿತು, ಬಾಯಿ ಕಟ್ಟಿತು

1971ರ ಲೋಕಸಭಾ ಚುನಾವಣೆಯಲ್ಲಿ ಮೈಸೂರು ರಾಜ್ಯದ ಪಾಲಿಗೆ ಇದ್ದದ್ದು 27 ಸ್ಥಾನ. ಇಂದಿರಾ ಗಾಂಧಿಯವರ ಕಾಂಗ್ರೆಸ್ ಗೆದ್ದದ್ದೂ 27. ಮರುವರ್ಷ ವಿಧಾನಸಭೆಯ 216 ಸ್ಥಾನಗಳಲ್ಲಿ 165 ಅದೇ ಪಕ್ಷಕ್ಕೆ ಹೋದವು. ಸಂವಿಧಾನದಲ್ಲಿ ಹಲವು ಪಕ್ಷಗಳಿದ್ದವು, ಸದನದಲ್ಲಿ ಹೆಚ್ಚುಕಡಿಮೆ ಒಂದೇ ಇತ್ತು. ಕಾನೂನು ಹೇರಿ ತಂದ ಏಕಪಕ್ಷವಲ್ಲ ಅದು, ಜನರೇ ಕೈಯಾರೆ ಒತ್ತಿ ಕೊಟ್ಟದ್ದು. ಮುಂದಿನ ಕಥೆಗೆ ಈ ವ್ಯತ್ಯಾಸ ಮುಖ್ಯ.

ನ್ಯಾಮತಿ ಆಗ ತಾಲ್ಲೂಕು ಕೇಂದ್ರವಲ್ಲ, ಹೊನ್ನಾಳಿ ತಾಲ್ಲೂಕಿನ ಒಂದು ಪೇಟೆ. ಹೊನ್ನಾಳಿ, ಚನ್ನಗಿರಿ ಎರಡೂ ಶಿವಮೊಗ್ಗ ಜಿಲ್ಲೆಯಲ್ಲಿದ್ದವು, ಜಗಳೂರು ಚಿತ್ರದುರ್ಗದಲ್ಲಿ. ದಾವಣಗೆರೆ ಜಿಲ್ಲೆ ಎಂಬುದೇ ಇರಲಿಲ್ಲ. ಮಲೆನಾಡು ಇಳಿದು ಬಯಲು ಶುರುವಾಗುವ ಈ ಸೀಮೆಯ ಎರಡು ಬದಿಗೆ ಎರಡು ಬಗೆಯ ರಾಜಕೀಯ ಬೆಳೆದಿತ್ತು. ಪಶ್ಚಿಮಕ್ಕೆ ಸಾಗರ, ತೀರ್ಥಹಳ್ಳಿಗಳ ಕಡೆ ಸಮಾಜವಾದಿಗಳು. ಪೂರ್ವಕ್ಕೆ ದಾವಣಗೆರೆಯ ಹತ್ತಿ ಗಿರಣಿಗಳಲ್ಲಿ ಕಮ್ಯುನಿಸ್ಟರ ಕೆಂಬಾವುಟ. ಇಬ್ಬರೂ ಬಡವರ ಪರ ಮಾತಾಡುತ್ತಿದ್ದರು, ಒಬ್ಬರನ್ನೊಬ್ಬರು ನಂಬುತ್ತಿರಲಿಲ್ಲ. 1975ರಲ್ಲಿ ಆ ಅಪನಂಬಿಕೆಗೆ ಅರ್ಥ ಬಂತು.

ಸಮಾಜವಾದಿಗಳ ಬೇರು ಕಾಗೋಡಿನಲ್ಲಿದೆ. ಸಾಗರ ತಾಲ್ಲೂಕಿನ ಆ ಊರಿನಲ್ಲಿ ಗೇಣಿ ಭತ್ತ ಅಳೆಯುವ ಕೊಳಗದ ಗಾತ್ರದ ಬಗ್ಗೆ ಎದ್ದ ತಕರಾರು 1951ರಲ್ಲಿ ಸತ್ಯಾಗ್ರಹವಾಯಿತು. ಎಚ್. ಗಣಪತಿಯಪ್ಪ ರೈತರನ್ನು ಒಟ್ಟುಗೂಡಿಸಿದರು, ರಾಮಮನೋಹರ ಲೋಹಿಯಾ ಬಂದು ಬಂಧನಕ್ಕೊಳಗಾದರು, ಶಾಂತವೇರಿ ಗೋಪಾಲಗೌಡರು ಅಲ್ಲಿಂದಲೇ 1952ರ ವಿಧಾನಸಭೆಗೆ ನಡೆದು ಹೋದರು. ಉಳುವವನೇ ಹೊಲದೊಡೆಯ ಎಂಬ ಮಾತನ್ನು ಕಾಂಗ್ರೆಸ್ಸಿಗಿಂತ ಇಪ್ಪತ್ತು ವರ್ಷ ಮೊದಲೇ ಇವರು ಆಡಿದ್ದರು.

ಚನ್ನಗಿರಿ ತಾಲ್ಲೂಕಿನ ಕಾರಿಗನೂರಿನಲ್ಲಿ 1930ರಲ್ಲಿ ಹುಟ್ಟಿದ ಜೆ.ಎಚ್. ಪಟೇಲ್ ಈ ಬಳಗಕ್ಕೆ ಸೇರಿದವರು. ಹೆಸರೇ ಹೇಳುವಂತೆ ಪಟೇಲರ ಮನೆತನ, ಭೂಮಿ ಇದ್ದವರು. ತಮ್ಮಂಥವರ ಭೂಮಿ ಗೇಣಿದಾರನಿಗೆ ಹೋಗಬೇಕು ಎನ್ನುವ ಪಕ್ಷಕ್ಕೆ ಜಮೀನ್ದಾರನ ಮಗ ಸೇರುವುದು ಆ ಕಾಲದ ಶಿವಮೊಗ್ಗ ಜಿಲ್ಲೆಯಲ್ಲಿ ಅಷ್ಟೇನೂ ಸೋಜಿಗವಾಗಿರಲಿಲ್ಲ. 1967ರಲ್ಲಿ ಸಂಯುಕ್ತ ಸಮಾಜವಾದಿ ಪಕ್ಷದಿಂದ ಶಿವಮೊಗ್ಗದ ಸಂಸದರಾಗಿ ದೆಹಲಿಗೆ ಹೋದ ಪಟೇಲರು ಲೋಕಸಭೆಯಲ್ಲಿ ಕನ್ನಡದಲ್ಲಿ ಮಾತಾಡಿದರು. ಹಿಂದಿ ಅಥವಾ ಇಂಗ್ಲಿಷಿನಲ್ಲಿ ಹೇಳಲಾಗದವರಿಗೆ ಸಭಾಧ್ಯಕ್ಷರು ತಾಯ್ನುಡಿಯಲ್ಲಿ ಮಾತಾಡಲು ಬಿಡಬಹುದು ಎಂದು ಸಂವಿಧಾನದ 120ನೇ ವಿಧಿ ಹೇಳುತ್ತದೆ. ಪಟೇಲರಿಗೆ ಇಂಗ್ಲಿಷ್ ಬರುತ್ತಿತ್ತು, ಕಾನೂನು ಓದಿದವರು. ಬಾರದ್ದಕ್ಕೆ ಕೇಳಿದ್ದಲ್ಲ, ಹಕ್ಕೆಂದು ಕೇಳಿದ್ದು. ಸ್ಪೀಕರ್ ನೀಲಂ ಸಂಜೀವ ರೆಡ್ಡಿ ಅಡ್ಡಿ ಮಾಡಲಿಲ್ಲ. ಆ ಲೋಕಸಭೆಯಲ್ಲಿ ಕಾಂಗ್ರೆಸ್ಸಿಗೆ 520ರಲ್ಲಿ 283 ಸ್ಥಾನ ಮಾತ್ರ ಇದ್ದವು. ವಿರೋಧಿಗಳ ಮಾತಿಗೆ ಬೆಲೆ ಇದ್ದ ಕಾಲ.

ನಾಲ್ಕು ವರ್ಷದಲ್ಲಿ ಅದು ಮುಗಿಯಿತು. 1971ರ ಅಲೆಯಲ್ಲಿ ಶಿವಮೊಗ್ಗ ಸಮಾಜವಾದಿಗಳ ಕೈತಪ್ಪಿತು, 1972ರ ಜೂನ್‌ನಲ್ಲಿ ಗೋಪಾಲಗೌಡರು ಐವತ್ತು ದಾಟುವ ಮೊದಲೇ ತೀರಿಕೊಂಡರು. ಅವರ ಶಿಷ್ಯರಲ್ಲಿ ಕೆಲವರು ಒಬ್ಬೊಬ್ಬರಾಗಿ ಕಾಂಗ್ರೆಸ್ ಮುಖ್ಯಮಂತ್ರಿ ದೇವರಾಜ ಅರಸರ ಕಡೆ ಸರಿದರು. ಅವರನ್ನು ಪೂರ್ತಿ ದೂಷಿಸಲೂ ಆಗದು. ಸಮಾಜವಾದಿಗಳು ಭಾಷಣದಲ್ಲಿ ಕೇಳಿದ್ದನ್ನು ಅರಸು ಕಾನೂನಿನಲ್ಲಿ ಕೊಡಲು ಹೊರಟಿದ್ದರು.

ಆ ಕಾನೂನಿನ ಕೆಲಸ ಹೇಗೆ ನಡೆಯಿತು ಎಂಬುದನ್ನು ಸ್ವಲ್ಪ ನಿಂತು ನೋಡಬೇಕು. 1973ರ ತಿದ್ದುಪಡಿ 1974ರ ಮಾರ್ಚ್ 1ರಿಂದ ಜಾರಿಗೆ ಬಂತು. ಅಂದಿಗೆ ಗೇಣಿಗಿದ್ದ ಭೂಮಿಯೆಲ್ಲ ಸರ್ಕಾರದ ವಶ, ಉಳುವವನು ಏಳನೇ ನಮೂನೆಯಲ್ಲಿ ಅರ್ಜಿ ಹಾಕಿದರೆ ವಿಚಾರಣೆ. ಹಳ್ಳಿಯ ಬಾಯಲ್ಲಿ ಅದು ‘ಡಿಕ್ಲರೇಷನ್ ಹಾಕೋದು’. ಹಿಂದಿನ ಕಾಯ್ದೆಗಳೆಲ್ಲ ಸಿವಿಲ್ ಕೋರ್ಟಿನ ಮೆಟ್ಟಿಲಲ್ಲಿ ಸತ್ತಿದ್ದವು. ಒಡೆಯನ ಬಳಿ ವಕೀಲ, ಪಾವತಿ, ಪಹಣಿ ಎಲ್ಲ ಇರುತ್ತಿದ್ದವು, ಗೇಣಿದಾರನ ಬಳಿ ನೇಗಿಲು ಬಿಟ್ಟರೆ ಸಾಕ್ಷಿ ಇರುತ್ತಿರಲಿಲ್ಲ. ಅದಕ್ಕೆ ತಾಲ್ಲೂಕಿಗೊಂದರಂತೆ ಭೂ ನ್ಯಾಯಮಂಡಳಿ ಬಂತು. ಅಸಿಸ್ಟೆಂಟ್ ಕಮಿಷನರ್ ಅಧ್ಯಕ್ಷರು, ಜೊತೆಗೆ ಸರ್ಕಾರ ನೇಮಿಸಿದ ಸ್ಥಳೀಯ ಸದಸ್ಯರು, ವಕೀಲರಿಗೆ ಪ್ರವೇಶವಿಲ್ಲ. ಅಕ್ಕಪಕ್ಕದ ಹೊಲದವರು ಬಂದು ಇವನೇ ಉಳುತ್ತಿದ್ದಾನೆ ಎಂದರೆ ಅದೇ ಸಾಕ್ಷಿ. ರಾಜ್ಯದಲ್ಲಿ ಎಂಟು ಲಕ್ಷಕ್ಕೂ ಹೆಚ್ಚು ಅರ್ಜಿ ಬಂದವು. ಸದಸ್ಯರ ನೇಮಕದಲ್ಲಿ ಪಕ್ಷದ ಕೈ ಇತ್ತು, ಮೋಸಗಳೂ ನಡೆದವು, ಕೂಲಿಯವನಿಗೆ ತುಂಡು ನೆಲವೂ ಸಿಗಲಿಲ್ಲ, ವಿಧವೆಯ ಎರಡೆಕರೆ ಹೋದದ್ದೂ ಉಂಟು. ಆದರೆ ತಲೆತಲಾಂತರದ ಗೇಣಿ ನಿಂತದ್ದು ಸುಳ್ಳಲ್ಲ. ಒಡೆಯರ ಮನೆ ಮುಂದೆ ಚಪ್ಪಲಿ ಬಿಟ್ಟು ನಿಲ್ಲುತ್ತಿದ್ದವನ ಹೆಸರು ಪಹಣಿಯಲ್ಲಿ ಬಂತು. ಜೊತೆಗೆ ಜೀತ ಹೋಯಿತು, ಸಾಲ ಪರಿಹಾರದ ಕಾನೂನು ಬಂತು, ಹಿಂದುಳಿದವರ ಪರವಾಗಿ ಎಲ್.ಜಿ. ಹಾವನೂರು ಆಯೋಗ 1975ರಲ್ಲಿ ವರದಿ ಕೊಟ್ಟಿತು.

ಇದೆಲ್ಲದರ ನಡುವೆ ಬಂದದ್ದು 1975ರ ಜೂನ್, ತುರ್ತು ಪರಿಸ್ಥಿತಿ.

ಅದನ್ನು ಹೇಳುವ ಮೊದಲು, ನೆಲವನ್ನೂ ಕೊಟ್ಟು ಬಾಯನ್ನೂ ಕಟ್ಟಿದ ಒಂದು ದ್ವೀಪದ ಕಡೆ ತಿರುಗುತ್ತೇನೆ. ಕ್ಯೂಬಾ ಎಂದರೆ ಆಗ ನಮ್ಮ ಎಡಪಂಥೀಯರಿಗೆಲ್ಲ ಮೋಹ. ಫಿಡೆಲ್ ಕ್ಯಾಸ್ಟ್ರೊ 1973ರ ಸೆಪ್ಟೆಂಬರ್‌ನಲ್ಲಿ ದೆಹಲಿಗೂ ಬಂದು ಹೋಗಿದ್ದರು. ಅಧಿಕಾರ ಹಿಡಿದ ಐದನೇ ತಿಂಗಳಿಗೇ, 1959ರ ಮೇ 17ರಂದು, ಅವರು ಭೂಸುಧಾರಣೆ ತಂದರು. ಒಬ್ಬರಿಗೆ ಸುಮಾರು 400 ಹೆಕ್ಟೇರ್ ಮಿತಿ, ಉಳುವ ಗೇಣಿದಾರನಿಗೆ ನೆಲ. 1961ರಲ್ಲಿ ಶಾಲೆಯ ಹುಡುಗ ಹುಡುಗಿಯರನ್ನೇ ಹಳ್ಳಿಗೆ ಕಳಿಸಿ ಅಕ್ಷರ ಕಲಿಸಿದರು. ಆದರೆ ಅದೇ 1959ರ ಅಕ್ಟೋಬರ್‌ನಲ್ಲಿ ಕ್ಯಾಮಗ್ವೇ ಪ್ರಾಂತದ ಸೇನಾಧಿಕಾರಿ ಊಬರ್ ಮ್ಯಾಟೋಸ್ ಒಂದು ರಾಜೀನಾಮೆ ಪತ್ರ ಬರೆದ. ಹಿಂದೆ ಮೇಷ್ಟರಾಗಿದ್ದವನು, ಭತ್ತ ಬೆಳೆದವನು, ಕ್ಯಾಸ್ಟ್ರೊ ಜೊತೆ ಬೆಟ್ಟದಲ್ಲಿ ಕಾದಿದವನು. ಕ್ರಾಂತಿ ಕಮ್ಯುನಿಸ್ಟರ ಕೈಗೆ ಹೋಗುತ್ತಿದೆ, ನಾನು ಮನೆಗೆ ಹೋಗುತ್ತೇನೆ ಎಂಬುದಷ್ಟೇ ಅವನ ತಕರಾರು. ಇಪ್ಪತ್ತು ವರ್ಷ ಶಿಕ್ಷೆಯಾಯಿತು. ಒಂದು ದಿನವೂ ಕಡಿಮೆಯಾಗದೆ 1979ರ ಅಕ್ಟೋಬರ್ 21ರವರೆಗೆ ಅವನು ಒಳಗಿದ್ದ. 1965ರಲ್ಲಿ ಅಲ್ಲಿ ಉಳಿದದ್ದು ಕಮ್ಯುನಿಸ್ಟ್ ಪಕ್ಷವೊಂದೇ. 1971ರಲ್ಲಿ ಎಬೆರ್ಟೊ ಪಡಿಯ ಎಂಬ ಕವಿಯನ್ನು ಹಿಡಿದು, ತಾನು ತಪ್ಪಿತಸ್ಥ ಎಂದು ಲೇಖಕರ ಸಭೆಯಲ್ಲಿ ಅವನ ಬಾಯಿಂದಲೇ ಹೇಳಿಸಿದರು. 1976ರ ಫೆಬ್ರವರಿ 24ರಂದು ಜಾರಿಗೆ ಬಂದ ಸಂವಿಧಾನದ ಐದನೇ ವಿಧಿ, ಪಕ್ಷವೇ ಸಮಾಜವನ್ನೂ ರಾಜ್ಯವನ್ನೂ ನಡೆಸುವ ಶಕ್ತಿ ಎಂದು ಬರೆಯಿತು. ಭಿನ್ನಮತಕ್ಕೆ ಅಲ್ಲಿಗೆ ಕಾನೂನಿನ ಬಾಗಿಲೂ ಮುಚ್ಚಿತು.

ಆ ಹೊತ್ತಿಗೆ ನಮ್ಮಲ್ಲಿ ತುರ್ತು ಪರಿಸ್ಥಿತಿಗೆ ಎಂಟು ತಿಂಗಳು ತುಂಬಿತ್ತು. ಅಲಹಾಬಾದ್ ಹೈಕೋರ್ಟು ಇಂದಿರಾ ಅವರ ಆಯ್ಕೆಯನ್ನು ರದ್ದು ಮಾಡಿದ್ದು ಜೂನ್ 12, ಘೋಷಣೆಗೆ ರಾಷ್ಟ್ರಪತಿಯ ಸಹಿ ಬಿದ್ದದ್ದು ಜೂನ್ 25ರ ರಾತ್ರಿ. ಸಂಸದೀಯ ಸಮಿತಿಯ ಕೆಲಸಕ್ಕೆಂದು ಬೆಂಗಳೂರಿಗೆ ಬಂದಿದ್ದ ವಾಜಪೇಯಿ, ಅಡ್ವಾಣಿ, ಮಧು ದಂಡವತೆ, ಶ್ಯಾಮನಂದನ ಮಿಶ್ರ ನಾಲ್ವರನ್ನೂ ಮರುದಿನ ಇಲ್ಲಿಯೇ ಹಿಡಿದು ಸೆಂಟ್ರಲ್ ಜೈಲಿಗೆ ಹಾಕಿದರು. ಈಗ ಫ್ರೀಡಂ ಪಾರ್ಕ್ ಇರುವ ಜಾಗ ಅದು. ವಿಚಾರಣೆಯಿಲ್ಲದೆ ಬಂಧಿಸಿಡುವ ಮೀಸಾ ಕಾಯ್ದೆಯಲ್ಲಿ ಕಾರಣ ಹೇಳಬೇಕಿರಲಿಲ್ಲ. ವಿಧಾನಸಭೆಯ ವಿರೋಧ ಪಕ್ಷದ ನಾಯಕ ಎಚ್.ಡಿ. ದೇವೇಗೌಡ, ರಾಮಕೃಷ್ಣ ಹೆಗಡೆ ಒಳಗೆ ಹೋದರು. ಆಗಿನ ನಮ್ಮ ಶಿವಮೊಗ್ಗ ಜಿಲ್ಲೆಯಿಂದ ಜೆ.ಎಚ್. ಪಟೇಲರು ಹೋದರು. ಶಿಕಾರಿಪುರದ ಪುರಸಭೆಗೆ ಆಗಷ್ಟೇ ಆರಿಸಿಬಂದಿದ್ದ ಆರೆಸ್ಸೆಸ್ ಕಾರ್ಯಕರ್ತ ಬಿ.ಎಸ್. ಯಡಿಯೂರಪ್ಪನವರೂ ಜೈಲು ಕಂಡರು. ಹೊರಗೆ ಒಂದೇ ವೇದಿಕೆ ಹತ್ತದ ಜನ ಒಳಗೆ ಒಂದೇ ತಟ್ಟೆ ಸಾಲಿನಲ್ಲಿ ಕೂತರು. ಮುಂದೆ ಕರ್ನಾಟಕದ ಮುಖ್ಯಮಂತ್ರಿಗಳಾದ ಹಲವರ ಹೆಸರು ಆ ಜೈಲುಗಳ ಹಾಜರಿ ಪುಸ್ತಕದಲ್ಲಿತ್ತು.

ಕಮ್ಯುನಿಸ್ಟರು? ಸಿಪಿಐ ತುರ್ತು ಪರಿಸ್ಥಿತಿಯನ್ನು ಬೆಂಬಲಿಸಿತು. ಬಲಪಂಥೀಯ ಪ್ರತಿಗಾಮಿಗಳನ್ನು ತಡೆಯಲು ಇದು ಬೇಕು ಎಂಬುದು ವಾದ. ಮಾಸ್ಕೋದ ಒಲವು ಅತ್ತಲೇ ಇತ್ತು. ಸಿಪಿಎಂ ವಿರೋಧಿಸಿತು ಎಂಬುದನ್ನೂ ಹೇಳಬೇಕು, ಅವರ ಜನರೂ ಬಂಧನಕ್ಕೊಳಗಾದರು. ಆದರೆ ದಾವಣಗೆರೆಯ ಗಿರಣಿ ಸಂಘದಲ್ಲಿ ಬಲವಿದ್ದದ್ದು ಸಿಪಿಐಗೆ. ಮುಷ್ಕರ ಹೂಡುವುದೇ ಬದುಕಾಗಿದ್ದ ಪಕ್ಷ, ಮುಷ್ಕರ ನಿಷೇಧಿಸಿದ ಸರ್ಕಾರದ ಜೊತೆ ನಿಂತಿತು. ಭೂಸುಧಾರಣೆ, ಇಂದಿರಾ ಅವರ ಇಪ್ಪತ್ತು ಅಂಶಗಳ ಕಾರ್ಯಕ್ರಮ ಎರಡೂ ಅವರ ಕಣ್ಣಿಗೆ ದೊಡ್ಡದಾಗಿ ಕಂಡವು. 1978ರಲ್ಲಿ ಭಟಿಂಡಾದಲ್ಲಿ ಸೇರಿದ ಪಕ್ಷದ ಮಹಾಧಿವೇಶನ ಇದು ತಪ್ಪೆಂದು ಒಪ್ಪಿಕೊಂಡಿತು. ನಮ್ಮ ದೇಶದಲ್ಲಿ ಪಕ್ಷವೊಂದು ತನ್ನ ತಪ್ಪನ್ನು ಠರಾವು ಮಾಡಿ ಒಪ್ಪಿಕೊಳ್ಳುವುದು ಅಪರೂಪ. ಆ ಮಟ್ಟಿಗೆ ಮೆಚ್ಚಬೇಕು. ತಡವಾಗಿ.

ಬೆಂಗಳೂರಿನ ಹೈಕೋರ್ಟಿನಲ್ಲಿ ಬಂದಿಗಳ ಪರ ನಿಂತ ವಕೀಲರಲ್ಲಿ ಎಂ. ರಾಮಾ ಜೋಯಿಸ್ ಒಬ್ಬರು. ತೀರ್ಥಹಳ್ಳಿ ತಾಲ್ಲೂಕಿನ ಆರಗದವರು, ಗೋಪಾಲಗೌಡರ ಊರಿನವರೇ. ಒಬ್ಬರು ಲೋಹಿಯಾವಾದಿ, ಇನ್ನೊಬ್ಬರು ಸಂಘದವರು. ಬಂದಿಗೂ ನ್ಯಾಯಾಲಯದ ಬಾಗಿಲು ತೆರೆದಿದೆ ಎಂದ ದೇಶದ ಹಲವು ಹೈಕೋರ್ಟುಗಳಲ್ಲಿ ಕರ್ನಾಟಕದ್ದೂ ಒಂದು. ಬೆಲೆ ತೆರಬೇಕಾಯಿತು: ನ್ಯಾಯಮೂರ್ತಿ ಡಿ.ಎಂ. ಚಂದ್ರಶೇಖರ್ ಅಲಹಾಬಾದಿಗೆ, ಸದಾನಂದಸ್ವಾಮಿ ಗುವಾಹಟಿಗೆ ವರ್ಗವಾದರು. ರಾಮಾ ಜೋಯಿಸರೂ ಜೈಲು ಸೇರಿದರು. ಸರ್ಕಾರದ ಮೇಲ್ಮನವಿ ಸುಪ್ರೀಂ ಕೋರ್ಟಿಗೆ ಹೋದಾಗ ನ್ಯಾಯಮೂರ್ತಿ ಎಚ್.ಆರ್. ಖನ್ನಾ ಅಟಾರ್ನಿ ಜನರಲ್ ನಿರೇನ್ ಡೇ ಅವರನ್ನು ಕೇಳಿದರು: ಪೊಲೀಸನೊಬ್ಬ ವೈಯಕ್ತಿಕ ದ್ವೇಷದಿಂದ ಒಬ್ಬನನ್ನು ಕೊಂದರೆ ಪರಿಹಾರವೇನು? ತುರ್ತು ಪರಿಸ್ಥಿತಿ ಇರುವವರೆಗೆ ಇಲ್ಲ ಎಂಬ ಉತ್ತರ ಬಂತು. 1976ರ ಏಪ್ರಿಲ್ 28ರಂದು ಐವರಲ್ಲಿ ನಾಲ್ವರು ಆ ಉತ್ತರವನ್ನು ಒಪ್ಪಿದರು. ಖನ್ನಾ ಒಪ್ಪಲಿಲ್ಲ. ಮರುವರ್ಷದ ಜನವರಿಯಲ್ಲಿ ಅವರಿಗೆ ಸಲ್ಲಬೇಕಿದ್ದ ಮುಖ್ಯ ನ್ಯಾಯಮೂರ್ತಿ ಪದವಿ ಅವರಿಗಿಂತ ಕಿರಿಯರಿಗೆ ಹೋಯಿತು. ಈ ತೀರ್ಪನ್ನು ಸುಪ್ರೀಂ ಕೋರ್ಟು ಬಾಯಿಬಿಟ್ಟು ತಳ್ಳಿಹಾಕಿದ್ದು 2017ರ ಆಗಸ್ಟ್ 24ರಂದು, ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿಯವರು ಹೂಡಿದ ಖಾಸಗಿತನದ ಮೊಕದ್ದಮೆಯಲ್ಲಿ. ನಲವತ್ತೊಂದು ವರ್ಷ ಬೇಕಾಯಿತು.

ಕೋರ್ಟಿನ ಬಾಗಿಲು ಮುಚ್ಚಿದ ಅದೇ ವಾರ ಬೆಂಗಳೂರಿನಲ್ಲಿ ಇಬ್ಬರ ಬಂಧನವಾಯಿತು. ಭೂಗತರಾಗಿದ್ದ ಸಮಾಜವಾದಿ ನಾಯಕ ಜಾರ್ಜ್ ಫರ್ನಾಂಡಿಸ್ ಸಿಗಲಿಲ್ಲವೆಂದು ಅವರ ತಮ್ಮ ಲಾರೆನ್ಸ್ ಫರ್ನಾಂಡಿಸ್‌ರನ್ನು ಪೊಲೀಸರು ಎತ್ತಿಕೊಂಡು ಹೋಗಿ ದಿನಗಟ್ಟಲೆ ಚಿತ್ರಹಿಂಸೆ ಕೊಟ್ಟರು. ಮೇ 2ರಂದು ಸ್ನೇಹಲತಾ ರೆಡ್ಡಿ ಬಂಧನಕ್ಕೊಳಗಾದರು. ಅನಂತಮೂರ್ತಿಯವರ ‘ಸಂಸ್ಕಾರ’ ಸಿನಿಮಾ ಆದಾಗ ಚಂದ್ರಿಯಾಗಿ ನಟಿಸಿದವರು ಅವರೇ. ನಿರ್ದೇಶಕ ಪಟ್ಟಾಭಿರಾಮ ರೆಡ್ಡಿ ಅವರ ಪತಿ. ದಂಪತಿ ಲೋಹಿಯಾ ಅನುಯಾಯಿಗಳು, ಜಾರ್ಜ್ ಸ್ನೇಹಿತರು. ಜಾರ್ಜ್ ಮೇಲೆ ಹೂಡಿದ್ದ ಬರೋಡಾ ಡೈನಮೈಟ್ ಪ್ರಕರಣದ ಹೆಸರಿನಲ್ಲಿ ಹಿಡಿದರೂ ಆ ಪ್ರಕರಣದ ಅಂತಿಮ ಆರೋಪಪಟ್ಟಿಯಲ್ಲಿ ಅವರ ಹೆಸರು ಇರಲಿಲ್ಲ. ಆದರೂ ಮೀಸಾದಲ್ಲಿ ಉಳಿಸಿಕೊಂಡರು. ಆಸ್ತಮಾ ಇದ್ದ ಹೆಂಗಸು. ಬೆಂಗಳೂರು ಸೆಂಟ್ರಲ್ ಜೈಲಿನ ಒಂಟಿ ಕೋಣೆಯಲ್ಲಿ ಎಂಟು ತಿಂಗಳು. ಅಲ್ಲಿ ದಿನಚರಿ ಬರೆದರು, ಹೆಂಗಸು ಕೈದಿಗಳ ಮೇಲಿನ ಹೊಡೆತ ಬಡಿತದ ವಿರುದ್ಧ ದನಿ ಎತ್ತಿದರು. ಉಸಿರು ಮತ್ತೆ ಮತ್ತೆ ಕಟ್ಟಿತು. ಇನ್ನು ಆಗದು ಎನ್ನುವ ಹೊತ್ತಿಗೆ 1977ರ ಜನವರಿ 15ರಂದು ಪೆರೋಲ್ ಕೊಟ್ಟು ಹೊರಗೆ ಕಳಿಸಿದರು. ಜನವರಿ 20ರಂದು ತೀರಿಕೊಂಡರು. ಅವರ ಸಾವಿಗೆ ಎರಡು ದಿನ ಮೊದಲು ಇಂದಿರಾ ಗಾಂಧಿ ಚುನಾವಣೆ ಘೋಷಿಸಿದ್ದರು.

ಅದೇ ತಿಂಗಳ 3ರಂದು 42ನೇ ತಿದ್ದುಪಡಿ ಜಾರಿಗೆ ಬಂದು ಸಂವಿಧಾನದ ಪೀಠಿಕೆಗೆ ‘ಸಮಾಜವಾದಿ’ ಎಂಬ ವಿಶೇಷಣ ಸೇರಿತು. ಆ ದಿನ ದೇಶದ ಹೆಸರಾಂತ ಸಮಾಜವಾದಿಗಳಲ್ಲಿ ಎಷ್ಟೋ ಜನ ಜೈಲಿನಲ್ಲಿದ್ದರು. ವ್ಯಂಗ್ಯವನ್ನು ಇದಕ್ಕಿಂತ ಚೆನ್ನಾಗಿ ಬರೆಯಬಲ್ಲ ಲೇಖಕ ಕನ್ನಡದಲ್ಲಿ ಇಲ್ಲ. ಲೇಖಕರ ಮಾತು ಬಂತಲ್ಲ, ಶಿವರಾಮ ಕಾರಂತರು ತುರ್ತು ಪರಿಸ್ಥಿತಿಯನ್ನು ವಿರೋಧಿಸಿ ಪದ್ಮಭೂಷಣವನ್ನು ವಾಪಸು ಕಳಿಸಿದ್ದನ್ನು ಇಲ್ಲಿ ನೆನೆಯದೆ ಮುಂದೆ ಹೋಗಲಾಗದು.

1977ರ ಮಾರ್ಚ್‌ನಲ್ಲಿ ಮತದಾನ. ಉತ್ತರದಲ್ಲಿ ಕಾಂಗ್ರೆಸ್ ನೆಲಕಚ್ಚಿತು, ರಾಯಬರೇಲಿಯಲ್ಲಿ ಇಂದಿರಾ ಅವರೇ 55,000 ಮತಗಳಿಂದ ಸೋತರು. ಕರ್ನಾಟಕದಲ್ಲಿ? 28ರಲ್ಲಿ 26 ಕಾಂಗ್ರೆಸ್ಸಿಗೆ. ಜನತಾ ಪಕ್ಷಕ್ಕೆ ಎರಡೇ ಎರಡು. ಪ್ರಜಾಪ್ರಭುತ್ವದ ಜಯಗಾಥೆ ಬರೆಯುವವರು ಈ ಅಂಕಿಯನ್ನು ಹಾರಿಸಿ ಮುಂದೆ ಹೋಗುತ್ತಾರೆ. ನಾನು ಇಲ್ಲೇ ನಿಲ್ಲುತ್ತೇನೆ. ಸ್ನೇಹಲತಾ ಸತ್ತು ಎರಡು ತಿಂಗಳಾಗಿರಲಿಲ್ಲ. ಅಡ್ವಾಣಿ, ವಾಜಪೇಯಿ ಕೂತಿದ್ದ ಜೈಲು ಇದ್ದದ್ದು ಇಲ್ಲಿಯೇ. ಆದರೂ ಮತ ಕಾಂಗ್ರೆಸ್ಸಿಗೆ ಬಿತ್ತು.

ಜನ ಮೂಢರಾಗಿರಲಿಲ್ಲ. ಹರಿಯಾಣ, ಉತ್ತರ ಪ್ರದೇಶಗಳಲ್ಲಿ ತುರ್ತು ಪರಿಸ್ಥಿತಿ ಎಂದರೆ ಬಲವಂತದ ಸಂತಾನಹರಣ ಆಪರೇಷನ್ನು, ದೆಹಲಿಯ ತುರ್ಕ್‌ಮಾನ್ ಗೇಟಿನಲ್ಲಿ ಮನೆಗಳ ಮೇಲೆ ಹರಿದ ಬುಲ್ಡೋಜರ್. ಇಲ್ಲಿ ಆ ಪ್ರಮಾಣದ ದೌರ್ಜನ್ಯ ನಡೆಯಲಿಲ್ಲ. ಅರಸು ಕೈಹಿಡಿತ ಬಲ್ಲವರು. ಹೊನ್ನಾಳಿಯ ಭತ್ತದ ಗದ್ದೆಯವನಿಗೆ, ಚನ್ನಗಿರಿಯ ಅಡಿಕೆ ತೋಟದಂಚಿನ ತುಂಡು ಹೊಲದವನಿಗೆ ಆ ಇಪ್ಪತ್ತೊಂದು ತಿಂಗಳು ಎಂದರೆ ನ್ಯಾಯಮಂಡಳಿಯ ನೋಟೀಸು. ಪತ್ರಿಕೆಗೆ ಸೆನ್ಸಾರು ಬಿದ್ದದ್ದು ಪತ್ರಿಕೆ ಓದದವನಿಗೆ ತಟ್ಟುವುದಿಲ್ಲ. ಕ್ಯಾಮಗ್ವೇಯ ರೈತನಿಗೂ ಮ್ಯಾಟೋಸನ ಜೈಲಿಗಿಂತ ತನ್ನ ಹೊಲದ ಪತ್ರ ದೊಡ್ಡದಾಗಿ ಕಂಡಿದ್ದರೆ ಅವನನ್ನು ಹೇಗೆ ಬಯ್ಯುವುದು?

ಹಾಗಾದರೆ ಜೈಲಿಗೆ ಹೋದವರ ತ್ಯಾಗ ವ್ಯರ್ಥವೇ? ಇಲ್ಲ. ಕ್ಯೂಬಾದ ರೈತನಿಗೆ ಕೊಟ್ಟವರನ್ನು ಮರುಪ್ರಶ್ನಿಸುವ ದಾರಿ ಉಳಿಯಲಿಲ್ಲ. ಎರಡನೇ ಭೂಸುಧಾರಣೆ 1963ರಲ್ಲಿ ಬಂದಾಗ ಮಿತಿ 67 ಹೆಕ್ಟೇರಿಗೆ ಇಳಿಯಿತು, ನೆಲದ ಬಹುಪಾಲು ಸರ್ಕಾರಿ ಫಾರಂಗಳಿಗೆ ಹೋಯಿತು, ಕೇಳುವವರಿರಲಿಲ್ಲ. ನಮ್ಮ ರೈತನಿಗೆ ಆ ದಾರಿ ಉಳಿಯಿತು. ಉಳಿಸಿದ್ದು ಅವನ ಮತವಲ್ಲ, ಅವನ ಮತಕ್ಕೆ ವಿರುದ್ಧವಾಗಿ ಬಿದ್ದ ಉತ್ತರದ ಮತಗಳು ಮತ್ತು ಅವನ ಗಮನಕ್ಕೂ ಬಾರದೆ ಒಳಗೆ ಕೂತಿದ್ದ ಕೆಲವರ ಹಟ. ಒಪ್ಪಿಕೊಳ್ಳಲು ಕಷ್ಟವಾದರೂ ನನ್ನ ಎಣಿಕೆ ಇದು.

1978ರ ಫೆಬ್ರವರಿಯಲ್ಲಿ ವಿಧಾನಸಭಾ ಚುನಾವಣೆ. ಇಂದಿರಾ ಕಾಂಗ್ರೆಸ್ ಮತ್ತೆ 149 ಗೆದ್ದಿತು. ಆದರೆ ಚನ್ನಗಿರಿ ಜನತಾ ಪಕ್ಷದ ಜೆ.ಎಚ್. ಪಟೇಲರನ್ನು ಆರಿಸಿತು, ದಾವಣಗೆರೆ ಸಿಪಿಐನ ಪಂಪಾಪತಿಯವರನ್ನು. ಜೈಲಿಗೆ ಹೋದವನೂ ಜೈಲಿಗೆ ಕಳಿಸಿದವರ ಜೊತೆ ನಿಂತ ಪಕ್ಷದವನೂ ಅಕ್ಕಪಕ್ಕದ ಕ್ಷೇತ್ರಗಳಿಂದ ಒಂದೇ ಸದನಕ್ಕೆ ಬಂದರು. ಅದೇ ವರ್ಷದ ನವೆಂಬರ್‌ನಲ್ಲಿ ನೆರೆಯ ಚಿಕ್ಕಮಗಳೂರು ಇಂದಿರಾ ಗಾಂಧಿಯವರನ್ನು ಲೋಕಸಭೆಗೆ ಕಳಿಸಿತು. ಪಂಪಾಪತಿ ಮತ್ತೆರಡು ಸಲ ಗೆದ್ದರು. 1983ರ ಜನವರಿಯಲ್ಲಿ ರಾಮಕೃಷ್ಣ ಹೆಗಡೆ ರಾಜ್ಯದ ಮೊದಲ ಕಾಂಗ್ರೆಸ್ಸೇತರ ಮುಖ್ಯಮಂತ್ರಿಯಾದಾಗ ಪಟೇಲರು ಮಂತ್ರಿಯಾದರು.

ದೇವೇಗೌಡರು ಪ್ರಧಾನಿಯಾಗಿ ದೆಹಲಿಗೆ ಹೊರಟಾಗ, 1996ರ ಮೇ 31ರಂದು, ಕಾರಿಗನೂರಿನ ಪಟೇಲರು ಮುಖ್ಯಮಂತ್ರಿಯಾದರು. 1997ರ ಆಗಸ್ಟ್‌ನಲ್ಲಿ ಏಳು ಹೊಸ ಜಿಲ್ಲೆ ಮಾಡಿದರು. ಅದರಲ್ಲೊಂದು ದಾವಣಗೆರೆ. ಚನ್ನಗಿರಿ, ಹೊನ್ನಾಳಿಗಳು ಶಿವಮೊಗ್ಗ ಬಿಟ್ಟದ್ದು, ಜಗಳೂರು ಚಿತ್ರದುರ್ಗ ಬಿಟ್ಟದ್ದು, ನ್ಯಾಮತಿ ಮುಂದೆ ತಾಲ್ಲೂಕಾಗಿ ದಾವಣಗೆರೆಯಲ್ಲಿ ಉಳಿದದ್ದು ಎಲ್ಲ ಅಲ್ಲಿಂದ. ಆಡಳಿತ ಸಡಿಲ ಎಂದು ಅವರನ್ನು ಬೈದವರು ಬಹಳ, ಪಕ್ಷದ ಒಳಜಗಳ ಅವರ ಕಣ್ಣೆದುರೇ ಪಕ್ಷವನ್ನು ಒಡೆಯಿತು. ಆದರೆ ತಮ್ಮನ್ನು ಬಯ್ಯುವವರನ್ನು ನಕ್ಕು ಬಿಡುವ ಗುಣ ಅವರಲ್ಲಿತ್ತು. ಮುಖ್ಯಮಂತ್ರಿಯ ಕುರ್ಚಿಯಲ್ಲಿ ಅದು ಸಣ್ಣ ಗುಣವಲ್ಲ.

ಕ್ಯೂಬಾದಲ್ಲಿ 2002ರಲ್ಲಿ ಓಸ್ವಾಲ್ಡೊ ಪಯಾ ಎಂಬಾತ ಸಂವಿಧಾನ ಕೊಟ್ಟ ಅವಕಾಶವನ್ನೇ ಬಳಸಿ 11,020 ಸಹಿ ಕೂಡಿಸಿ, ಮುಕ್ತ ಚುನಾವಣೆ, ಮುಕ್ತ ಮಾತು ಬೇಕೆಂದು ಸಂಸತ್ತಿಗೆ ಅರ್ಜಿ ಕೊಟ್ಟ. ಸಮಾಜವಾದಿ ವ್ಯವಸ್ಥೆಯನ್ನು ಬದಲಿಸಲಾಗದು ಎಂದು ಸರ್ಕಾರ ಸಂವಿಧಾನವನ್ನೇ ತಿದ್ದಿತು. 2003ರ ಮಾರ್ಚ್‌ನಲ್ಲಿ 75 ಜನ ಭಿನ್ನಮತೀಯರು ಜೈಲಿಗೆ ಹೋದರು. 2019ರ ಹೊಸ ಸಂವಿಧಾನದಲ್ಲೂ ಐದನೇ ವಿಧಿ ಹಾಗೇ ಇದೆ. 2021ರ ಜುಲೈ 11ರಂದು ಬೀದಿಗಿಳಿದವರಲ್ಲಿ ನೂರಾರು ಜನರಿಗೆ ಶಿಕ್ಷೆಯಾಯಿತು.

ಪಟೇಲರದ್ದು ಬೇರೆ ಕಥೆ. 1999ರ ಚುನಾವಣೆಯಲ್ಲಿ ಅವರು ಮುಖ್ಯಮಂತ್ರಿಯಾಗಿದ್ದುಕೊಂಡೇ ಚನ್ನಗಿರಿಯಲ್ಲಿ ಸ್ಪರ್ಧಿಸಿದರು. ಚನ್ನಗಿರಿ ಅವರನ್ನು ಸೋಲಿಸಿತು. ಅಕ್ಟೋಬರ್ 7ರಂದು ಅವರು ಅಧಿಕಾರ ಬಿಟ್ಟುಕೊಟ್ಟರು.